ಸ್ರಾಮ್ ಮಿ ಎ

ವೆಸ್ನಾ ಅತ್ತಿಗೆಯ ಕನ್ನಡದಲ್ಲಿ ಹಕಾರವೇ ಇರಲಿಲ್ಲ. ಅಣ್ಣನನ್ನು ಮದುವೆಯಾಗಿ ಮ್ಯಾಸಿಡೋನಿಯಾದಿಂದ ಅಟ್ಟೂರಿಗೆ ಬಂದವರು, ಮಾತು ಕಲಿತದ್ದು ನಮ್ಮಮ್ಮನ ಅಡುಗೆಮನೆಯಲ್ಲಿ. ಬಾಲ್ಕನಿಯಿಂದ ಬಗ್ಗಿ ತರಕಾರಿ ಗಾಡಿಯವನನ್ನು, “ಊಕೋಸು ಎಂಗಪ್ಪಾ?” ಎಂದು ಕೇಳಿದರೆ, ಅವನು ಆ ಮುಸುಕಿನ ಜೋಳದ ಜುಟ್ಟಿನಂಥ ಕೂದಲನ್ನು ನೋಡಿ ಬೆಲೆ ಹೇಳುವುದನ್ನೇ ಮರೆಯುತ್ತಿದ್ದ. ಕೂದಲು ನಿಜಕ್ಕೂ ಆ ಬಣ್ಣದ್ದೇ? ಈಗ ಖಾತ್ರಿಯಿಲ್ಲ. ಫೋಟೊಗಳನ್ನೆಲ್ಲ ಅಣ್ಣ ಅಳಿಸಿದ್ದಾನೆ.

ಅವರ ಭಾಷೆ ಕಲಿಯಬೇಕೆಂದು ನಾನು ಹಟ ಹಿಡಿದೆ. ಕಾನ್ವೆಂಟಿನಲ್ಲಿ ಓದಿದವಳು, ಮೊದಲು ಇಂಗ್ಲಿಷಿನಲ್ಲಿ ವಾಕ್ಯ ಕಟ್ಟಿ, ಆಮೇಲೆ ಪದಕ್ಕೆ ಪದ ಬದಲಿಸುತ್ತಿದ್ದೆ. ಒಮ್ಮೆ ಅವರ ತಾಯಿಯೊಡನೆ ವಿಡಿಯೊ ಕಾಲಿನಲ್ಲಿ ತಡವರಿಸಿ, ನಾಚಿಕೆಯಾಗುತ್ತಿದೆ ಎನ್ನಲು ಹೋಗಿ “ಯಾಸ್ ಸುಮ್ ಸ್ರಾಮ್” ಎಂದೆ. ಆ ಅಜ್ಜಿ ಕನ್ನಡಕ ತೆಗೆದು ಕಣ್ಣೊರೆಸಿಕೊಳ್ಳುವಷ್ಟು ನಕ್ಕರು.

“‘ನಾನೇ ನಾಚ್ಕೆ’ ಅಂದ್ಬಿಟ್ಟೆ ಕಣೇ,” ಎಂದರು ಅತ್ತಿಗೆ. “ಮಧ್ಯೆ ಇಂಗ್ಲಿಷ್ ಯಾಕೆ? ನಿಮ್ಮಮ್ಮ ಎಂಗಂತಾರೆ? ‘ನಂಗೆ ನಾಚ್ಕೆ’. ನಮ್ದೂ ಅಂಗೇ. ಸ್ರಾಮ್ ಮಿ ಎ. ಮಿ ಅಂದ್ರೆ ನಂಗೆ. ನಾಚ್ಕೆ ಬತ್ತದೆ, ಓಯ್ತದೆ. ನೀನೇ ಅದಲ್ಲ.”

ಚಳಿಯೂ ಹಾಗೆಯೇ, ನಿದ್ದೆಯೂ ಹಾಗೆಯೇ: ಎಲ್ಲವೂ ನಮಗೆ ಬರುವಂಥವು. ಅಮ್ಮನ ಬಾಯಲ್ಲಿ ದಿನವೂ ಕೇಳಿದ್ದನ್ನು ನನಗೆ ಅವರು ಹೇಳಿಕೊಡಬೇಕಾಯಿತು.

ಕಳೆದ ವರ್ಷ ಅಣ್ಣ ಇನ್ನೊಬ್ಬಳೊಡನೆ ಬೇರೆ ಮನೆ ಮಾಡಿದ. ದೊಡ್ಡಪ್ಪ, ಚಿಕ್ಕಪ್ಪಂದಿರು ನಮ್ಮ ಹಾಲ್‌ನಲ್ಲಿ ಸೇರಿದರು. ಅವರು ಮಾತಾಡಿದ್ದು ಅಣ್ಣನ ಬಗ್ಗೆ ಅಲ್ಲ; ಅತ್ತಿಗೆ ಇದ್ದ ಮೇಲಿನ ಮಹಡಿಯನ್ನು ಎಂದಿನಿಂದ ಬಾಡಿಗೆಗೆ ಕೊಡಬಹುದು ಎಂಬ ಬಗ್ಗೆ. ಅತ್ತಿಗೆಯೇ ಎಲ್ಲರಿಗೂ ಕಾಫಿ ತಂದರು. ಕನ್ನಡ ಅರ್ಥವಾಗದವರ ಮುಂದೆ ಮಾತಾಡಿದಂತೆ ದೊಡ್ಡವರ ಮಾತು ನಡೆದೇ ಇತ್ತು. ನಾನೂ ಒಂದು ಲೋಟ ತೆಗೆದುಕೊಂಡೆ. ಸಕ್ಕರೆ ಸರಿಯಾಗಿತ್ತು.

ಅತ್ತಿಗೆ ತಮ್ಮ ಊರಿಗೆ ಹೊರಟ ದಿನ ವಿಮಾನ ನಿಲ್ದಾಣಕ್ಕೆ ನಾನೇ ಕಾರು ಓಡಿಸಿದೆ. ಹುಣಸಮಾರನಹಳ್ಳಿ ದಾಟಿದರೂ ಒಳಗೊಳಗೇ ನಾನು ಆ ವಾಕ್ಯ ಉರುಹೊಡೆಯುತ್ತಿದ್ದೆ: ಸ್ರಾಮ್ ಮಿ ಎ, ಸ್ರಾಮ್ ಮಿ ಎ.

ಗೇಟಿನ ಬಳಿ ಅತ್ತಿಗೆ, “ಅತ್ತೆ ಮಂಡಿಗೆ ಎಣ್ಣೆ ಅಚ್ಚೋದ್ ಮರೀಬ್ಯಾಡ,” ಎಂದರು.

ನನ್ನ ಬಾಯಿಂದ ಬಂದದ್ದು, “ಯಾಸ್ ಸುಮ್ ಸ್ರಾಮ್.”

ಅಥವಾ ಸರಿಯಾಗಿಯೇ ಹೇಳಿದ್ದೆನೇನೋ. ಇಂಥ ಕಡೆ ನೆನಪು ತನಗೆ ಬೇಕಾದಂತೆ ಹೆಣೆದುಕೊಳ್ಳುತ್ತದೆ. ಆದರೆ ಇಷ್ಟು ನಿಜ: ಅತ್ತಿಗೆ ಟ್ರಾಲಿ ಬಿಟ್ಟು, ಹತ್ತಿರ ಬಂದು, ನನ್ನ ಕೆನ್ನೆ ಮುಟ್ಟಿದರು. ತಿದ್ದಲಿಲ್ಲ.