ಪೌಡರಣ್ಣನ ಅಂಗಡಿಯ ಕೆಮ್ಮು

ನನ್ನ ಭಾವನ ಮೀಸೆಯ ಎಡಭಾಗ ಹೋದದ್ದು ಒಂದು ಬೆಕ್ಕಿನ ಕೆಮ್ಮಿನಿಂದ. ಮೀಸೆಯ ತುದಿ ತಿದ್ದುತ್ತಿದ್ದ ಪೌಡರಣ್ಣ, ಹಿಂದಿನ ಬೆಂಚಿನಿಂದ ‘ಖೊಳ್’ ಎಂಬ ಸದ್ದು ಬಂದದ್ದೇ ತಡ, ಕತ್ತನ್ನು ಅತ್ತ ತಿರುಗಿಸಿದ. ಕೈ ಮಾತ್ರ ಇತ್ತಲೇ ಕೆಲಸ ಮುಂದುವರಿಸಿತು. ಬಲಭಾಗವನ್ನೂ ತೆಗೆದು ನ್ಯಾಯ ಸಮ ಮಾಡದೆ ಬೇರೆ ದಾರಿಯಿರಲಿಲ್ಲ. ಮನೆಗೆ ಬಂದ ಗಂಡನನ್ನು ಅಕ್ಕ ಬಾಗಿಲಲ್ಲೇ ನಿಲ್ಲಿಸಿ, ಯಾರು ಬೇಕಾಗಿತ್ತು ಎಂದು ಕೇಳಿದಳಂತೆ.

ಪೌಡರಣ್ಣ ನಮ್ಮ ಬೀದಿಯ ಕ್ಷೌರಿಕ. ಎರಡು ಕುರ್ಚಿ, ಒಂದು ಬೆಂಚು, ಎದುರುಬದುರು ಕನ್ನಡಿ. ಅವುಗಳ ನಡುವೆ ಕೂತವನಿಗೆ ತನ್ನ ಬೋಳು ಹಿಂದಕ್ಕೂ ಮುಂದಕ್ಕೂ ಕಣ್ಣು ಹಾಯುವಷ್ಟು ದೂರ ಸಾಲುಗಟ್ಟಿ ನಿಂತಿರುವ ದರ್ಶನ ಪುಕ್ಕಟೆ. ಪೌಡರಣ್ಣನಿಗೆ ಆ ಹೆಸರು ಬಂದದ್ದು ಕಟಿಂಗಿನ ಕೊನೆಯ ಗಳಿಗೆಯಿಂದ. ಡಬ್ಬಿಯಲ್ಲಿ ಪಫ್ ಅದ್ದಿ ಕುತ್ತಿಗೆಯ ಹಿಂಭಾಗಕ್ಕೆ ಪಟಪಟನೆ ಬಡಿದರೆ ಅಂಗಡಿಯ ತುಂಬ ಬಿಳಿ ಮೋಡ ಏಳುತ್ತಿತ್ತು. ಆ ಮೋಡ ಇಳಿಯುವ ತನಕ ಕಟಿಂಗ್ ಮುಗಿದ ಹಾಗಲ್ಲ, ಅದೊಂದು ಕಲೆ, ಎನ್ನುವುದು ಭಾವನ ಸಿದ್ಧಾಂತ.

ಬೆಂಚಿನ ನಡುಮಧ್ಯೆ ಗಿರಾಕಿಗಳನ್ನು ಅತ್ತಿತ್ತ ಸರಿಸಿ ಮಲಗುತ್ತಿದ್ದ ಬೂದು ಬೆಕ್ಕಿನ ಹೆಸರು ಯಜಮಾನ. ಹೆಂಡತಿ ತವರಿಗೆ ಹೋದರೆ ಪೌಡರಣ್ಣ ಒಂದು ಹೊತ್ತು ಊಟ ಬಿಡುತ್ತಿದ್ದ; ಯಜಮಾನ ಹಾಲು ಮುಟ್ಟದಿದ್ದರೆ ಎರಡು ಹೊತ್ತು. ಈ ಲೆಕ್ಕ ಇಟ್ಟವಳು ಹೆಂಡತಿಯೇ.

ಅಂಥ ಬೆಕ್ಕು ಕೆಮ್ಮತೊಡಗಿತು. ಕೂದಲಿನ ಅಂಗಡಿ, ಹಾಗಾಗಿ ಹೊಟ್ಟೆಗೆ ಕೂದಲೇ ಹೋಗಿದೆ ಎಂದು ಪೌಡರಣ್ಣ ತೀರ್ಮಾನಿಸಿದ. ತಲೆಯೊಂದು ಮುಗಿದರೆ ಸಾಕು, ಮಂಡಿಯೂರಿ ನೆಲ ಗುಡಿಸಿದ. ಬೆಳಿಗ್ಗೆ ಬೆಳಿಗ್ಗೆ ಯಜಮಾನನ ಬಾಯಿಗೆ ಒಂದು ಚಮಚ ಎಣ್ಣೆ ಹುಯ್ದ, ಕೂದಲುಂಡೆ ಜಾರಿ ಹೊರಬರಲಿ ಎಂದು. ನೆಲ ಕನ್ನಡಿಯಾಯಿತು, ಬೆಕ್ಕು ಚಮಚ ಕಂಡರೆ ಪಕ್ಕದ ಪಾತ್ರೆ ಅಂಗಡಿಯ ಮಾಡು ಏರಿತು, ಕೆಮ್ಮು ಮಾತ್ರ ಕೂದಲೆಳೆಯಷ್ಟೂ ಕಡಿಮೆಯಾಗಲಿಲ್ಲ.

ಭಾವನ ಮೀಸೆ ಮತ್ತೆ ಮೊಳಕೆಯೊಡೆದಿದ್ದ ದಿನಗಳವು. ಒಂದು ಮಧ್ಯಾಹ್ನ ಅವರ ಕುತ್ತಿಗೆಗೆ ಪಫ್ ಬಡಿದು ಮೋಡ ಎದ್ದಿತ್ತಷ್ಟೆ. ಬೆಂಚಿನ ಮೇಲೆ ಯಜಮಾನ ಮೊಣಕೈ ಅಗಲಿಸಿ, ಕುತ್ತಿಗೆ ಮುಂದಕ್ಕೆ ಚಾಚಿ, ನಾಯಿಯ ಹಾಗೆ ಬಾಯಿ ತೆರೆದು ಏದುಸಿರು ಬಿಡತೊಡಗಿದ. ಹೊಟ್ಟೆ ತಿದಿಯಂತೆ ಏರಿಳಿಯುತ್ತಿತ್ತು, ಒಸಡು ನೀಲಿಗೆ ತಿರುಗಿತ್ತು. ಪೌಡರಣ್ಣ ಎಣ್ಣೆ ಚಮಚಕ್ಕೆ ಕೈಹಾಕಿದ. ಅದೇ ಹೊತ್ತಿಗೆ ಊಟ ತಂದ ಹೆಂಡತಿ ಚಮಚ ಕಸಿದುಕೊಂಡಳು.

“ಅದಕ್ಕೆ ಉಸಿರೇ ಆಡ್ತಿಲ್ಲ, ನೀವು ಬಾಯಿಗೆ ಎಣ್ಣೆ ಹುಯ್ತೀರಾ? ಮೊದ್ಲು ಡಾಕ್ಟ್ರ ಹತ್ರ ನಡೀರಿ.”

ಟವೆಲ್ ಬುಟ್ಟಿ ಖಾಲಿ ಮಾಡಿ ಬೆಕ್ಕನ್ನು ಮೆಲ್ಲಗೆ ಅದರಲ್ಲಿ ಕೂರಿಸಿದಳು. ಭಾವ ಕುತ್ತಿಗೆಗೆ ಕಟ್ಟಿದ ಬಟ್ಟೆಯ ಸಮೇತ ಕಾರು ಹೊರಡಿಸಿದರು. ದಾರಿಯಲ್ಲಿ ಅವಳು ಆಸ್ಪತ್ರೆಗೆ ಫೋನ್ ಮಾಡಿ, ಯಜಮಾನರಿಗೆ ಉಸಿರು ಕಟ್ಟುತ್ತಿದೆ ಎಂದಳು. ಇದು ಪ್ರಾಣಿಗಳ ಆಸ್ಪತ್ರೆ ಅಮ್ಮ, ಅವರನ್ನು ದೊಡ್ಡಾಸ್ಪತ್ರೆಗೆ ಒಯ್ಯಿರಿ ಎಂದು ಆ ಕಡೆಯವರು ಮರುಗಿದರು.

ಡಾಕ್ಟ್ರಮ್ಮ ಏನೂ ಕೇಳದೆ ಮೊದಲು ಬೆಕ್ಕನ್ನು ಆಮ್ಲಜನಕದ ಗಾಜಿನ ಪೆಟ್ಟಿಗೆಯೊಳಗೆ ಬಿಟ್ಟರು. ಸುಧಾರಿಸುವ ತನಕ ಯಾರೂ ಮುಟ್ಟುವಂತಿಲ್ಲ ಎಂದರು. ಪೌಡರಣ್ಣ ಗಾಜಿಗೆ ಮೂಗು ಹಚ್ಚಿ, ಬೆಕ್ಕಿನ ಪಾಲಿನ ಗಾಳಿಯನ್ನೂ ತಾನೇ ಎಳೆದುಕೊಡುವವನಂತೆ ನಿಂತ. ಮಧ್ಯೆ ಮಧ್ಯೆ ಉಸಿರು ಬಿಡಲೂ ಬೇಕು ಎಂದು ಹೆಂಡತಿ ನೆನಪಿಸಬೇಕಾಯಿತು.

ಯಜಮಾನನ ಬಾಯಿ ಮುಚ್ಚಿ, ಹೊಟ್ಟೆಯ ಓಟ ನಿಧಾನವಾದ ಮೇಲೆ ಎಕ್ಸ್‌ರೇ ಆಯಿತು. ಇದು ಆಸ್ತಮಾ ಎಂದರು ಡಾಕ್ಟ್ರಮ್ಮ. ಕೂದಲುಂಡೆಯಾಗಿದ್ದರೆ ಇಷ್ಟು ದಿನದಲ್ಲಿ ಏನಾದರೂ ಹೊರಗೆ ಬಿದ್ದಿರಬೇಕಿತ್ತಲ್ಲ? ಏನೂ ಬಿದ್ದಿರಲಿಲ್ಲ. ಎಣ್ಣೆ ಶ್ವಾಸಕೋಶಕ್ಕೆ ಇಳಿಯದಿದ್ದದ್ದು ನಿಮ್ಮ ಪುಣ್ಯ ಎಂದು ಬೈದು, ಬೆಕ್ಕಿನ ಬೆನ್ನು ಸವರಿದರು. ಅವರ ಅಂಗೈ ಬೆಳ್ಳಗಾಯಿತು. ಪೌಡರಣ್ಣನ ತೋಳು ನೋಡಿದರು, ಬಿಳಿ. ಭಾವನ ಕುತ್ತಿಗೆ ನೋಡಿದರು, ಬಿಳಿ.

“ಇದನ್ನ ಬಿಡ್ಬೇಕಾಗುತ್ತೆ.”

“ಬೆಕ್ಕನ್ನಾ?” ಪೌಡರಣ್ಣ ಯಜಮಾನನನ್ನು ಎರಡೂ ಕೈಯಿಂದ ಬಳಸಿಕೊಂಡ.

“ಪೌಡರನ್ನ.”

ಮರುದಿನವೇ ಡಬ್ಬಿಗಳು ಕಸದ ಗಾಡಿ ಹತ್ತಿದವು. ಗಿರಾಕಿಗಳು ಗೊಣಗಿದರು, ಭಾವನಂತೂ ಹಲವು ದಿನ ಕುತ್ತಿಗೆ ಮುಟ್ಟಿಕೊಂಡು ನಿಟ್ಟುಸಿರಿಟ್ಟರು. ಉಸಿರಿಗೆ ಔಷಧಿ ಹಾಯಿಸುವ ಇನ್ಹೇಲರ್ ಬಂತು, ಅದಕ್ಕೊಂದು ಪುಟ್ಟ ಮುಖವಾಡ. ಮಕ್ಕಳ ತಲೆ ಕೈಗೆಟುಕಲೆಂದು ಕುರ್ಚಿಯ ಕೈಗಳ ಮೇಲೆ ಅಡ್ಡ ಇಡುವ ಹಲಗೆಯ ಮೇಲೆ ಯಜಮಾನನನ್ನು ಕೂರಿಸಿ, ಅಭ್ಯಾಸಬಲದಿಂದ ಕುತ್ತಿಗೆಗೆ ಬಟ್ಟೆ ಕಟ್ಟಿ, ಪೌಡರಣ್ಣ ಹೇಳುತ್ತಿದ್ದ: “ಸ್ವಲ್ಪ ತಲೆ ಎತ್ತಿ ಸಾರ್. ಅಲ್ಲಾಡ್ಬೇಡಿ. ಆಯ್ತು, ಮುಗೀತು.” ನಮ್ಮಲ್ಲಿ ಯಾರೂ ಅಷ್ಟು ಗಂಭೀರವಾಗಿ ಕೂತವರಲ್ಲ. ಬೆಕ್ಕು ನಿದ್ದೆ ಹೋದಾಗ ಹೊಟ್ಟೆಯ ಏರಿಳಿತ ಎಣಿಸಬೇಕು, ನಿಮಿಷಕ್ಕೆ ಮೂವತ್ತು ದಾಟಿದರೆ ಫೋನ್ ಮಾಡಬೇಕು ಎಂದು ಡಾಕ್ಟ್ರಮ್ಮ ಹೇಳಿದ್ದರು. ಆ ಎಣಿಕೆ ಬೆಂಚಿನಲ್ಲಿ ಕಾಯುವವರ ಪಾಲಿಗೆ ಬಂತು.

ಕೆಮ್ಮು ನಿಂತಿತು. ಯಜಮಾನ ಬರಬರುತ್ತ ಕಪ್ಪಗಾದ. ಹೊಸ ಬೆಕ್ಕು ಯಾವಾಗ ತಂದಿರಿ ಎಂದು ಕೇಳಿದವರೂ ಉಂಟು. ಈಗ ಕಟಿಂಗಿಗೆ ಮೊದಲಿನ ಎರಡರಷ್ಟು ಹೊತ್ತು ಹಿಡಿಯುತ್ತಿತ್ತು. ಪಾಪ, ಒಂದು ಕಣ್ಣು ಬೆಕ್ಕಿನ ಮೇಲಿದೆ ಎಂದು ನಾವೆಲ್ಲ ಸಹಿಸಿಕೊಂಡೆವು.

ಮೀಸೆ ಪೂರ್ತಿ ಬಂದ ದಿನ ಭಾವನ ಮನಸ್ಸು ತುಂಬಿ ಬಂತು. “ಒಂದು ಬೆಕ್ಕಿಗೋಸ್ಕರ ಇಷ್ಟು ವರ್ಷದ ಕಲೆ ಬಿಟ್ಯಲ್ಲಪ್ಪ. ಕಷ್ಟ ಆಗ್ಲಿಲ್ವಾ?”

ಪೌಡರಣ್ಣ ಅವರ ಕುತ್ತಿಗೆಯ ಹಿಂದೆ ಕೈಗನ್ನಡಿ ಹಿಡಿದು ತೋರಿಸಿದ.

“ಕಷ್ಟಾನೇ ಸಾರ್. ಹಿಂದ್ಗಡೆ ಗೆರೆ ಸೊಟ್ಟ ಬಂದ್ರೆ ಪೌಡರ್ ಬಡ್ದು ಮುಚ್ಬಿಡ್ತಿದ್ದೆ. ಈಗ ನೆಟ್ಟಗೇ ಕತ್ತರಿಸ್ಬೇಕು ನೋಡಿ.”