ಎಲ್ಲರ ಮನೆ ಮುಂದೆ ಹೋದ ಟ್ರಾಲಿ

ಹೋದ ವಾರ ನಮ್ಮ ಎದುರುಮನೆ ಕೆಡವಲು ಶುರುಮಾಡಿದರು, ಮೊದಲು ಬಚ್ಚಲು. ಕೆಲಸದವರು ಒಲೆಯ ಮೇಲಿನ ಗೋಡೆಯಿಂದ ಒಂದು ಕಬ್ಬಿಣದ ಕಂಬಿ ಎಳೆದು ಬೀದಿಗೆ ಹಾಕಿದಾಗ ಠಣ್ ಎಂದಿತು. ಅದರ ಹಿಂದೆಯೇ ವಾಸನೆ ಬಂತು... ಮಸಿ, ಹರಳೆಣ್ಣೆ, ಸೀಗೆಪುಡಿ, ಸುಟ್ಟ ಕಬ್ಬಿನ ಸೋಗೆ. ಗುಡಿಸುತ್ತಿದ್ದ ಪೊರಕೆ ನನ್ನ ಕೈಯಲ್ಲೇ ನಿಂತುಹೋಯಿತು. ಅದು ಎದುರುಮನೆ ಅಜ್ಜಿಯ ಸೆರಗಿನ ವಾಸನೆ. ಕಂಬಿ ಟ್ರಾಲಿ ಲೈನಿನದು.

ಈಗಿನವರಿಗೆ ಇದನ್ನು ಬಿಡಿಸಿ ಹೇಳಬೇಕು. ಮದ್ದೂರಿನ ಈ ಮಗ್ಗುಲಲ್ಲಿ, ಕೊಪ್ಪದ ಕಡೆಯ ಗದ್ದೆಗಳಿಂದ ಕಬ್ಬು ಸಾಗಿಸುವುದಕ್ಕೆ ಒಂದು ಕಾಲದಲ್ಲಿ ಕಿರಿದಾದ ಹಳಿ ಹಾಕಿದ್ದರಂತೆ. ಹಳಿಯ ಮೇಲೆ ತಗ್ಗಾದ ಟ್ರಾಲಿ, ಎಳೆಯುವುದಕ್ಕೆ ಎತ್ತು. ಲಾರಿ, ಟ್ರಾಕ್ಟರು ಬಂದ ಮೇಲೆ ಲೈನು ನಿಂತಿತು. ಹಳಿ ಕಿತ್ತಾಗ ಊರವರು ತುಂಡು ತುಂಡಾಗಿ ಮನೆಗೆ ತಂದುಕೊಂಡರು. ಒಬ್ಬರ ಬಾಗಿಲ ಮೇಲೆ ತೊಲೆಯಾಯಿತು, ಇನ್ನೊಬ್ಬರ ಬಾವಿಗೆ ರಾಟೆ ಕಟ್ಟುವ ಅಡ್ಡೆಯಾಯಿತು, ಶಾಲೆಯಲ್ಲಿ ಗಂಟೆಯಾಯಿತು. ನಾನು ಮಳವಳ್ಳಿ ಕಡೆಯಿಂದ ಸೊಸೆಯಾಗಿ ಬರುವ ಹೊತ್ತಿಗೆ ನೆಲದ ಮೇಲೆ ಲೈನೇ ಇರಲಿಲ್ಲ. ಎಲ್ಲ ಗೋಡೆಗಳಲ್ಲಿತ್ತು.

ಅಜ್ಜಿ ಈ ಊರಿಗೆ ಮದುವಣಗಿತ್ತಿಯಾಗಿ ಬಂದದ್ದು ಆ ಟ್ರಾಲಿಯ ಮೇಲೆ. ದಿಬ್ಬಣದ ಗಾಡಿಯ ಅಚ್ಚು ದಾರಿಯಲ್ಲಿ ಮುರಿಯಿತಂತೆ. ಕಬ್ಬಿನ ಹೊರೆಯ ಮೇಲೆ ಚಾಪೆ ಹಾಸಿ ಹೆಣ್ಣನ್ನು ಕೂರಿಸಿದರು, ಮಿಕ್ಕವರು ಪಕ್ಕದಲ್ಲಿ ನಡೆದರು. ಹೆಣ್ಣಿನ ತಾಯಿ ಗಂಡಿನ ಊರಿನ ಎಲ್ಲೆಯನ್ನು ಅವತ್ತು ದಾಟಬಾರದು ಎಂಬುದು ಅವರ ಮನೆತನದ ರೂಢಿ. ಅದಕ್ಕೇ ಅವರ ತಾಯಿ ಊರ ಹೊರಗೆ ಹಳಿಯ ಕೆಳಗೆ ನೀರು ಹರಿಯಲು ಕಟ್ಟಿದ್ದ ಒಂದು ಮೋರಿಯ ಹತ್ತಿರ ನಿಂತುಕೊಂಡರು.

“ನಿಂತ್ಕಂಡ್ಳು. ಟ್ರಾಲಿ ಮುಂದುಕ್ಕೆ ಬಂತು. ಕಬ್ಬಿನ ಗದ್ದೆ ಅಡ್ಡ ಆಯ್ತು. ಅಷ್ಟೇಯ ಕಣವ್ವ,” ಅನ್ನುತ್ತಿದ್ದರು ಅಜ್ಜಿ.

ಅಷ್ಟೇಯ ಅಂದರೆ ಅಷ್ಟೇ. ತವರಿನಿಂದ ಮೊದಲ ಗೌರಿ ಬಾಗಿನ ಬರುವ ಬದಲು ತಾಯಿ ತೀರಿಹೋದ ಸುದ್ದಿ ಬಂತು.

ನಾನು ಬಂದ ಮೇಲಿನ ಒಂದು ಗೌರಿ ಹಬ್ಬದ ದಿನ ಅಜ್ಜಿ ನಮ್ಮ ಬಾಗಿಲಿಗೆ ಬಂದು, “ನಿನ್ನ ಮೊಪೆಡ್ಡು ತಗಿ,” ಅಂದರು. ಕೈಯಲ್ಲಿ ಮೊರ, ಮೊರದಲ್ಲಿ ಅರಿಸಿನ, ಕುಂಕುಮ, ಹಸಿರು ಬಳೆ. “ಅವ್ಳು ನಂಗೆ ಬಾಗ್ನ ಕೊಡ್ನಿಲ್ಲ. ನಾನಾರ ಕೊಡ್ತೀನಿ. ಆ ಮೋರಿ ತಾವ ಇಕ್ಕಿ ಬರಾನ.”

ಮೋರಿ ಎಲ್ಲಿ? ಹಳಿಯೇ ಇಲ್ಲದ ಮೇಲೆ ಮೋರಿ ಯಾರಿಗೆ ಗೊತ್ತು? ಟ್ರಾಲಿ ಯಾವ ದಾರಿಯಲ್ಲಿ ಹೋಗುತ್ತಿತ್ತು ಎಂದು ಮೊದಲ ಬೀದಿಯ ಯಜಮಾನರನ್ನು ಕೇಳಿದೆವು. “ನಮ್ಮನೆ ಮುಂದೇನೇ ಓಯ್ತಿತ್ತು. ಬೇಕಾದ್ರೆ ನೋಡು, ಬಾಗ್ಲ ಮ್ಯಾಲೆ ಕಂಬಿ ಅದೆ,” ಅಂದರು. ಬಾವಿ ಮನೆಯಾಕೆ ನಕ್ಕಳು. “ಅವ್ರ ಮಾತ್ ಯಾಕ್ ಕೇಳೀರಿ ಬುಡಿ. ಲೈನ್ ಇದ್ದಿದ್ದು ನಮ್ಮ ಹಿತ್ಲಾಗೆ. ಇಲ್ದಿದ್ರೆ ಬಾವಿಗೆ ಕಂಬಿ ಎಲ್ಲಿಂದ ಬಂತು?” ಶಾಲೆಯ ಮೇಷ್ಟ್ರು ಗಂಟೆ ತೋರಿಸಿದರು. ಕಂಬಿ ಯಾರ ಮನೆಯಲ್ಲಿತ್ತೋ ಲೈನೂ ಅವರ ಮನೆ ಮುಂದೆಯೇ. ಅವರೇನು ಸುಳ್ಳು ಹೇಳುತ್ತಿರಲಿಲ್ಲ, ನಿಜವಾಗಿ ನಂಬಿದ್ದರು.

“ನಮ್ಮೂರ್ನಾಗೆ ಟ್ರಾಲಿ ಒಂದೊಂದ್ ಮನೆಗೂ ಓಗಿ ಕಾಪಿ ಕುಡ್ಕಂಡ್ ಬತ್ತಿತ್ತೋ ಏನೋ,” ಅಂದರು ಅಜ್ಜಿ.

ಅವರ ನೆನಪನ್ನಾದರೂ ಹಿಡಿದು ಹೋಗೋಣವೆಂದರೆ, ಮೋರಿಯ ಎಡಕ್ಕೆ ಒಂದು ಹೊಂಗೆಮರ ಇತ್ತು ಅನ್ನುತ್ತಿದ್ದರು. ಎಡಕ್ಕೆಲ್ಲ ಹುಡುಕಿದೆವು. ಮುಂದಿನ ವರ್ಷ ಹೊರಟಾಗ ಮೊಪೆಡ್ಡಿನ ಹಿಂದಿನಿಂದ ನನ್ನ ಬೆನ್ನು ತಟ್ಟಿ, “ನಿಲ್ಸು. ನಾನು ಟ್ರಾಲಿ ಮ್ಯಾಲೆ ಹಿಂದುಮುಂದಾಗಿ ಕೂತಿದ್ದೆ ಕಣೆ, ಅವ್ವನ್ನ ನೋಡ್ಕಂಡು. ಎಡ ಯಾವ್ದೋ, ಬಲ ಯಾವ್ದೋ...” ಅಂದರು. ಬಲಕ್ಕೂ ಹುಡುಕಿದೆವು. ನಾಲೆ ಸಿಕ್ಕಿತು, ಹೊಸ ಸೈಟಿನ ಕಲ್ಲುಗಳು ಸಿಕ್ಕವು. ಹೊಂಗೆಮರಗಳಂತೂ ಬೇಕಾದಷ್ಟಿದ್ದವು.

ಕೊನೆಗೊಮ್ಮೆ ಮೊರ ಹಿಡಿದು ದಾರಿಯ ನಡುವೆ ನಿಂತುಬಿಟ್ಟರು. “ನೀನೇ ಒಂದ್ ಜಾಗ ಏಳವ್ವ. ಮಳವಳ್ಳಿಯೋಳು ನೀನು, ನಿನ್ ಮನೇಲಿ ಕಂಬಿ ಇಲ್ಲ. ನೀನ್ ಏಳಿದ್ರೆ ಒಪ್ಕತೀನಿ.”

ನಾನು ಏನು ಹೇಳಿದೆ? ಎಷ್ಟು ಯೋಚಿಸಿದರೂ ಹೊಳೆಯುವುದಿಲ್ಲ. ಕೈ ತೋರಿಸಿದ ಹಾಗೆ ಒಂದು ನೆನಪು, ಸುಮ್ಮನೆ ನಿಂತ ಹಾಗೆ ಇನ್ನೊಂದು. ಅಜ್ಜಿ ಬಗ್ಗಿ ಮೊರ ಇಟ್ಟದ್ದು ಮಾತ್ರ ಕಣ್ಣಿಗೆ ಕಟ್ಟಿದೆ. ಆ ಜಾಗ ಒಮ್ಮೆ ನಾಲೆಯ ಏರಿಯ ಹಾಗೆ ಕಾಣುತ್ತದೆ, ಒಮ್ಮೆ ಯಾರದೋ ಗದ್ದೆಯ ಬದುವಿನ ಹಾಗೆ... ಆಮೇಲೆ ಅಜ್ಜಿ ಕರೆಯಲಿಲ್ಲ. ಜಾಗ ಸಿಕ್ಕಿತು ಎಂದೋ, ಇನ್ನು ಸಿಗುವುದಿಲ್ಲ ಎಂದೋ, ಅದನ್ನೂ ನಾನು ಕೇಳಲಿಲ್ಲ. ಮೂರು ಮಳೆಗಾಲ ಕಳೆದ ಮೇಲೆ ತೀರಿಹೋದರು.

ಈಗ ನೋಡಿದರೆ ಅವರ ಬಚ್ಚಲಲ್ಲೇ ಒಂದು ಕಂಬಿ. ದಿನಾ ಅದರ ಕೆಳಗೇ ಕೂತು ಒಲೆ ಉರಿಸುತ್ತಿದ್ದರು. ಲೈನು ನಮ್ಮನೆ ಮುಂದೆಯೇ ಇತ್ತು ಎಂದು ಒಂದು ದಿನವೂ ಹೇಳಿದವರಲ್ಲ. ಹತ್ತಿರ ಹೋಗಿ ಮಸಿ ಒರೆಸಿದೆ. ಒಂದು ತುದಿಯಲ್ಲಿ ಅರಿಸಿನ ಕುಂಕುಮ ಪದರ ಪದರವಾಗಿ ಗಟ್ಟಿಯಾಗಿತ್ತು.

“ಕಂಬಿ ಮ್ಯಾಲೆ ಕಣ್ಣು ಮಡಗಿದ್ದೀರಾ ಅತ್ತೆ?” ಅಂದ, ಕೆಲಸ ನೋಡುತ್ತಿದ್ದ ಅಜ್ಜಿಯ ಮೊಮ್ಮಗ.

“ಇದು ಎಲ್ಲೀದಪ್ಪ?”

“ತಾತ ತಂದಿದ್ದಂತೆ. ಎಲ್ಲಿಂದ ಅಂತ ಯಾರ್ಗ್ ಗೊತ್ತು.”

“ಅರಿಸಿನ?”

“ನೀರು ತುಂಬೋ ಹಬ್ಬಕ್ಕೆ ಅಂಡೆಗೆ ಬಳಿಯೋರಲ್ಲ, ಅದೇ ತಾಕಿರ್ಬೇಕು. ಗೌರಿಗೂ ಬಳಿಯೋರೋ ಏನೋ... ನಂಗೆ ಗ್ಯಾನ ಇಲ್ಲ. ಬೇಕಾದ್ರೆ ತಕ್ಕಳಿ, ಗುಜರಿಯವನಿಗೆ ಹಾಕೋದು ತಪ್ತದೆ.”

ತಾತ ಅದನ್ನು ಆ ಮೋರಿಯ ಹತ್ತಿರದಿಂದಲೇ ಕಿತ್ತು ತಂದಿದ್ದರೇ? ಅಜ್ಜಿಗೆ ಅದು ಗೊತ್ತಿತ್ತೇ? ಗೊತ್ತಿದ್ದರೆ ಊರೆಲ್ಲ ಸುತ್ತಿದ್ದೇಕೆ? ಅಥವಾ ಸುತ್ತಿ ಸೋತ ಮೇಲೆ ಕಂಬಿಯನ್ನೇ ಮೋರಿ ಅಂದುಕೊಂಡರೇ? ಹಬ್ಬದ ದಿನ ಹಂಡೆಗೆ ಬಳಿದು ಉಳಿದದ್ದು, ಅಷ್ಟೇ ಇರಬಹುದು. ಒಂದನ್ನು ನಂಬಿ ಮಲಗುತ್ತೇನೆ, ಬೆಳಿಗ್ಗೆ ಇನ್ನೊಂದು ಸರಿ ಅನ್ನಿಸುತ್ತದೆ.

ಕಂಬಿಯನ್ನು ತಂದು ನಮ್ಮ ಗೇಟಿನ ಪಕ್ಕ ಒರಗಿಸಿದ್ದೇನೆ. ನಿನ್ನೆ ಡೈರಿಗೆ ಹಾಲು ಹಾಕಲು ಹೊರಟಿದ್ದವನೊಬ್ಬ ಬೈಕು ನಿಲ್ಲಿಸಿ, “ಟ್ರಾಲಿ ನಿಮ್ಮನೆ ಮುಂದೆ ಓಯ್ತಿತ್ತಾ?” ಎಂದು ಕೇಳಿದ.

“ಹೂಂ ಕಣಪ್ಪ. ಇಲ್ಲೇ ಓಯ್ತಿತ್ತು,” ಅಂದುಬಿಟ್ಟೆ.

“ಯಾವ್ ಕಡೆಯಿಂದ ಬತ್ತಿತ್ತು?”

ಎತ್ತಿದ ಕೈ ಎಡಕ್ಕೆ ಹೋಯಿತು, ಬಲಕ್ಕೆ ಬಂತು, ಕೆಳಗಿಳಿಯಿತು. ಅಜ್ಜಿಯನ್ನೇ ಕೇಳೋಣವೆಂದು ಎದುರು ನೋಡಿದೆ. ಅವರು ಕೂರುತ್ತಿದ್ದ ಜಗಲಿ ಇದ್ದ ಕಡೆ ಬರೀ ಮಣ್ಣಿತ್ತು.