ಅತ್ತೆ ಉಣ್ಣದ ರೊಟ್ಟಿ ಅಂಗಡಿ

ನಮ್ಮ ಊಟದ ಅಂಗಡಿ ಹುಟ್ಟಿದ್ದು ನಡುರಸ್ತೆಯಲ್ಲಿ. ಹೀಗೆಂದರೆ ಹೈದರಾಬಾದಿನ ಗಿರಾಕಿಗಳು ನಗುತ್ತಾರೆ. ನಗಲಿ, ನಾನೇನು ಸುಳ್ಳು ಹೇಳುತ್ತಿಲ್ಲ. ಮಕ್ತಲ್ ದಾಟಿ ರಾಯಚೂರಿನ ಕಡೆ ಹೊರಟರೆ ಎಡಗೈಗೆ ನಮ್ಮ ಎರೆಹೊಲ, ಅದರ ಬದುವಿಗೆ ಹತ್ತಿದಂತೆ ಹೆದ್ದಾರಿ. ಪ್ರತ್ಯೇಕ ತೆಲಂಗಾಣ ರಾಜ್ಯ ಬೇಕೆಂದು ಜನ ಬೀದಿಗಿಳಿದಿದ್ದ ಕಾಲ ಅದು. ಆಗ ಒಂದು ಬಗೆಯ ಚಳವಳಿ ನಡೆಯುತ್ತಿತ್ತು. ರಸ್ತೆಯ ಮೇಲೆಯೇ ಒಲೆ ಹೂಡುವುದು, ಅಲ್ಲೇ ಬೇಯಿಸುವುದು, ಅಲ್ಲೇ ಪಂಕ್ತಿ ಕೂತು ಉಣ್ಣುವುದು. ತೆಲುಗಿನಲ್ಲಿ ಅದಕ್ಕೆ ‘ವಂಟಾ ವಾರ್ಪು’ ಅನ್ನುತ್ತಿದ್ದರು. ಬಸ್ಸು, ಲಾರಿ ನಿಂತವು ಎಂದರೆ ನಿಂತವು. ಕಡೆಯವನು ಉಂಡು ಕೈ ತೊಳೆಯುವ ತನಕ ಯಾರೂ ಮುಂದೆ ಹೋಗುವ ಹಾಗಿರಲಿಲ್ಲ.

ನಮ್ಮ ಭಾಗದ ಸರದಿ ಬಂದಾಗ ನಮ್ಮ ಹೊಲದ ಮುಂದೆಯೇ ಒಲೆ ಹೂಡಿದರು. ನಮ್ಮ ಬಾವಿಯಲ್ಲಿ ನೀರಿತ್ತು, ಅದೇ ಕಾರಣ. ನಮ್ಮ ಯಜಮಾನರು ಮನೆಗೆಲಸದಲ್ಲಿ ಎಷ್ಟು ಹಿಂದೋ ಚಳವಳಿಯಲ್ಲಿ ಅಷ್ಟು ಮುಂದು. ಘೋಷಣೆ ಕೂಗುವುದು ಅವರ ಪಾಲಿಗೆ ಬಂತು, ರೊಟ್ಟಿ ಬಡಿಯುವುದು ನನ್ನ ಮತ್ತು ನಮ್ಮತ್ತೆಯ ಪಾಲಿಗೆ. ನಮ್ಮತ್ತೆ ಎಂದರೆ ಹಣೆ ತುಂಬ ವಿಭೂತಿ, ತೊಳೆದು ತೊಳೆದು ಬಣ್ಣ ಹೋದ ನಾರಾಯಣಪೇಟೆ ಸೀರೆ, ಮತ್ತು ಆಚೆ ಹೊಲದವರಿಗೂ ಕೇಳುವ ದನಿ. ಆಕೆಗೆ ರಾಜ್ಯ ಯಾವುದಾದರೇನು. ಹೋರಾಟದವರಿಗೆ ಬಡಿಸಿ ಮುಗಿಸಿದ್ದೇ ರೊಟ್ಟಿಬುಟ್ಟಿ ಹೊತ್ತು ನಿಂತ ಬಸ್ಸುಗಳ ಕಡೆ ನಡೆದರು.

“ಯವ್ವಾ, ಅವರು ನಮ್ಮ ಬಂದ್‌ಗೆ ಸಿಕ್ಕೊಂಡೋರು. ಅವರಿಗ್ಯಾಕ?” ಎಂದರು ಯಜಮಾನರು.

“ರಸ್ತೆ ಕಟ್ಟೀರಿ ಸರಿ, ಹೊಟ್ಟಿ ಕಟ್ಟಾಕ ಆಗ್ತೈತೇನು? ಸರಿ ಆಚಿಗೆ!” ಎಂದು ಮಗನನ್ನೇ ಗದರಿಸಿ ಹೋದರು.

ಜೋಳದ ರೊಟ್ಟಿ, ಪುಂಡಿಪಲ್ಯ, ಎಣ್ಣೆಗಾಯಿ, ಶೇಂಗಾ ಹಿಂಡಿ, ಅಂದರೆ ಚಟ್ನಿಪುಡಿ. ಎಲ್ಲವೂ ಆ ಹೊಲದ್ದೇ. ರಾಯಚೂರಿನ ಲಾರಿ ಚಾಲಕನೊಬ್ಬ ಗಾಲಿಗೆ ಒರಗಿ ಕೂತು ಉಂಡು, ಎದ್ದು, ನನ್ನನ್ನು ಕೇಳಿದ: “ಅಕ್ಕಾರ, ದಿನಾ ಈ ದಾರ್‍ಯಾಗ ಹೋಗ್ತೀವಿ. ಹಿಂಗ ಊಟ ಎಲ್ಲಿ ಸಿಗತೈತ್ರಿ?” ಅವತ್ತು ಸಂಜೆ ಪಾತ್ರೆ ತಿಕ್ಕುವಾಗ ನನ್ನ ತಲೆಯಲ್ಲಿ ಅದೇ ಮಾತು. ನಾನು ಕೃಷ್ಣೆಯ ಆ ದಡದವಳು, ರಾಯಚೂರಿನ ಮಗ್ಗುಲ ಹಳ್ಳಿಯಿಂದ ಬಂದ ಸೊಸೆ. ನಮ್ಮ ಕಡೆ ಖಾನಾವಳಿ ನೋಡಿ ಬೆಳೆದವಳು. ಈ ದಾರಿಯಲ್ಲಿ ಬಿರಿಯಾನಿ ಇತ್ತು, ಇಡ್ಲಿ ಇತ್ತು, ರೊಟ್ಟಿ ಮಾತ್ರ ಇರಲಿಲ್ಲ. ಹೊಲದ ಬದುವಿನಲ್ಲಿ ಒಂದು ತಗಡಿನ ಚಪ್ಪರ ಹಾಕಿದರೆ ಸಾಕು ಅನ್ನಿಸಿತು.

ಯಜಮಾನರು ಒಂದೇ ಮಾತಿಗೆ ಒಪ್ಪಿದರು. ಹೊಸದು ಯಾವುದೇ ಇರಲಿ, ಅವರು ಒಪ್ಪುವುದೇ ಹಾಗೆ. ಒಪ್ಪದವರು ಅತ್ತೆ.

“ದಾಸೋಹ ಮಾಡಿದ ಮನಿತನ ಇದು. ಹಿರ್‍ಯಾರು ಬಂದೋರಿಗೆ ನೀಡ್ಯಾರ, ಯಾರೂ ಅನ್ನ ಮಾರಿಲ್ಲ. ನೀ ಬಂದು ರೊಟ್ಟಿ ಮಾರ್ತೀಯಾ?”

ನಾನೂ ಬಾಯಿ ಸತ್ತವಳಲ್ಲ. “ಜೋಳ ಮಾರ್ತೀರಿ, ತೊಗರಿ ಮಾರ್ತೀರಿ. ಬೇಯಿಸಿದ್ರ ಪಾಪ, ಹಸೀದು ಮಾರಿದ್ರ ಪುಣ್ಯ ಏನ್ರಿ?” ಅಂದೆ. ಅತ್ತೆ ಎದ್ದು ಎಮ್ಮೆ ಹಿಂಡಲು ಹೋದರು. ಅವರಿಗೆ ಉತ್ತರ ಹೊಳೆಯದಾಗೆಲ್ಲ ಎಮ್ಮೆಗೆ ಹಿಂಡುವ ಹೊತ್ತಾಗುತ್ತಿತ್ತು.

ವಾರಗಟ್ಟಲೆ ಮುನಿಸು ನಡೆದು ಕಡೆಗೆ ಒಂದು ಒಪ್ಪಂದ ಆಯಿತು. ಪಲ್ಯ, ಬೇಳೆ, ಅನ್ನಕ್ಕೆ ದರ ಹಾಕಬಹುದು. ರೊಟ್ಟಿಗೆ ಹಾಕುವಂತಿಲ್ಲ. ಗಿರಾಕಿ ಸಾಕು ಅನ್ನುವವರೆಗೆ ನೀಡುತ್ತಲೇ ಇರಬೇಕು, ಎಷ್ಟಾಯಿತೆಂದು ಮನಸ್ಸಿನಲ್ಲೂ ಎಣಿಸಬಾರದು. ಜೋಳ, ಕಾಯಿಪಲ್ಯ ಅತ್ತೆಯೇ ಹೊಲದಿಂದ ಕೊಡುತ್ತಾರೆ. ಆದರೆ ಆ ಚಪ್ಪರದ ಕೆಳಗೆ ಆಕೆ ಒಂದು ತುತ್ತೂ ಮುಟ್ಟುವುದಿಲ್ಲ. “ಮಾರೋ ಊಟ ನಾ ಉಣ್ಣಂಗಿಲ್ಲ. ಅದೊಂದು ಮಾತ್ರ ಕೇಳಬ್ಯಾಡ” ಎಂದರು. ಕೇಳುವುದಿಲ್ಲ ಅಂದೆ.

ಅಂಗಡಿ ಕುದುರಿತು. ರಾಯಚೂರಿನ ಪೇಂಟರ್ ಒಬ್ಬ ತಗಡಿನ ಮೇಲೆ ದಪ್ಪ ಕನ್ನಡ ಅಕ್ಷರದಲ್ಲಿ ‘ರೊಟ್ಟಿ ಊಟ’ ಎಂದು ಬರೆದುಕೊಟ್ಟ. ಹೆಸರು ಕುಲ ಗೋತ್ರ ಏನಿಲ್ಲ, ಅಷ್ಟೇ. ಅದನ್ನು ದೂರದಿಂದ ಕಂಡೇ ಕರ್ನಾಟಕದ ಲಾರಿಗಳು ವೇಗ ಇಳಿಸುತ್ತಿದ್ದವು. ಗದ್ವಾಲಕ್ಕೆ ಸೀರೆ ಕೊಳ್ಳಲು ಹೋಗುವ ರಾಯಚೂರಿನ ಹೆಂಗಸರು ಸುತ್ತುಬಳಸಿಯಾದರೂ ನಮ್ಮಲ್ಲಿ ಉಂಡು ಹೋಗುತ್ತಿದ್ದರು. ನಮ್ಮೂರಿನವರು ಮಾತ್ರ ಬರಲಿಲ್ಲ. ಮನೆಯಲ್ಲಿ ಹೆಂಡತಿ ಬಡಿಯುವ ರೊಟ್ಟಿಯನ್ನು ಹೊರಗೆ ದುಡ್ಡು ಕೊಟ್ಟು ತಿನ್ನಲು ಅವರಿಗೇನು ಹುಚ್ಚೇ?

ಒಮ್ಮೆ ಹೈದರಾಬಾದಿನಿಂದ ಬಂದ ಹುಡುಗನೊಬ್ಬ ಹೊಲವನ್ನೂ ತಟ್ಟೆಯನ್ನೂ ಫೋಟೋ ಹಿಡಿದು, “ಇದು ಫಾರ್ಮ್ ಟು ಟೇಬಲ್, ಅಮ್ಮಾ” ಎಂದು ತೆಲುಗಿನಲ್ಲಿ ತಿಳಿಸಿ ಹೇಳಿದ. ಪಟ್ಟಣದಲ್ಲಿ ಇದಕ್ಕೆ ಬಹಳ ಬೆಲೆಯಂತೆ. ಅತ್ತೆ ಹಿತ್ತಲಿನಿಂದಲೇ, “ನಡುವ ಟೇಬಲ್ ಯಾಕಪಾ? ಹೊಲದಿಂದ ಹೊಟ್ಟಿಗೆ ಅನ್ನು, ಸಾಕು” ಎಂದರು. ಅದನ್ನೂ ಅವನು ಬರೆದುಕೊಂಡ.

ಹೌದು, ಹಿತ್ತಲಿನಿಂದ. ದಿನಾ ಮುಂಜಾನೆ ಅತ್ತೆ ಪುಂಡಿಸೊಪ್ಪಿನ ಸಿವುಡು, ಸೆರಗಿನ ತುಂಬ ಬದನೆಕಾಯಿ ತಂದು ಹಿತ್ತಲ ಬಾಗಿಲಲ್ಲಿ ಇಳಿಸುತ್ತಿದ್ದರು. ಹಿಟ್ಟು ಮುಟ್ಟಿ ನೋಡುತ್ತಿದ್ದರು. ನಾದಿದ್ದು ಸಾಲದು, ನೀರು ಕುದಿದಿಲ್ಲ, ಬೆಂಕಿ ಹೆಚ್ಚಾಯಿತು ಎಂದು ನನ್ನನ್ನೂ ಕೆಲಸದ ಹೆಂಗಸರನ್ನೂ ಬೈಯುತ್ತಿದ್ದರು. ಮಧ್ಯಾಹ್ನವಾದರೆ ಬೇವಿನ ಗಿಡದ ಕೆಳಗೆ ಕೂತು, ಮನೆಯಿಂದ ಕಟ್ಟಿಕೊಂಡು ಬಂದ ಬುತ್ತಿ ಬಿಚ್ಚುತ್ತಿದ್ದರು. ಅದರಲ್ಲಿ ಇರುವುದೇನು? ಅದೇ ಜೋಳದ ರೊಟ್ಟಿ, ಅದೇ ಗಿಡದ ಬದನೆಕಾಯಿ. ಬಿಸಿಬಿಸಿ ಹಂಚಿನ ಮೇಲಿನದು ಬಿಟ್ಟು ತಣ್ಣಗಿನದು ತಿನ್ನುವ ಈ ಹಟಕ್ಕೆ ಏನೆನ್ನಬೇಕು? ಕೆಲಸದ ಹೆಂಗಸರು ಮುಸಿಮುಸಿ ನಗುತ್ತಿದ್ದರು. ನಾನೂ ನಗುತ್ತಿದ್ದೆ.

ನಿಜ ಹೇಳಬೇಕೆಂದರೆ ನನಗೆ ಅದು ನಗುವ ವಿಷಯವಾಗಿರಲಿಲ್ಲ. ದಾರಿಹೋಕರು ಬೆರಳು ನೆಕ್ಕಿ ಹೊಗಳಿದರೂ ನನ್ನ ಕಿವಿ ಹಿತ್ತಲ ಕಡೆಗೇ ಇರುತ್ತಿತ್ತು. ರೊಟ್ಟಿ ಬಡಿಯುವುದನ್ನು ನನಗೆ ಕಲಿಸಿದವರೇ ಆಕೆ. ತವರಿನಿಂದ ಬಂದಾಗ ನನ್ನ ರೊಟ್ಟಿ ಮೂಲೆ ಮೂಲೆಗೆ ಹರಿದು ನಕಾಶೆಯ ಹಾಗೆ ಇರುತ್ತಿತ್ತು. ಮನೆಯಲ್ಲಿ ನಾನು ಬಡಿದದ್ದನ್ನು ಖುಷಿಯಿಂದ ಉಣ್ಣುವ ಅತ್ತೆ ಇಲ್ಲಿ ಮುಟ್ಟುವುದಿಲ್ಲ ಎಂದರೆ, ನಾನು ಮಾಡುವ ಈ ಇಡೀ ಕೆಲಸವನ್ನೇ ಹೊಲಸು ಎಂದಂತೆ ಅನ್ನಿಸುತ್ತಿತ್ತು. ಒಂದು ತುತ್ತು ಉಂಡರೆ ಸಾಕಿತ್ತು ನನಗೆ.

ಅಷ್ಟರಲ್ಲಿ ರಾಜ್ಯ ಬಂತು. ಆ ಬೇಸಿಗೆಯಲ್ಲಿ ಪಟಾಕಿಯೇನು, ಗುಲಾಲೇನು, ಕುಣಿತವೇನು! ನಮ್ಮ ಯಜಮಾನರ ಕಾಲು ನೆಲಕ್ಕೆ ತಾಗುತ್ತಿರಲಿಲ್ಲ. ಅಷ್ಟು ವರ್ಷ ಕೂಗಿದವರು, ಖುಷಿಪಟ್ಟರು, ನನಗೂ ಖುಷಿಯೇ. ಆದರೆ ನಾನು ತಮ್ಮನ ಮದುವೆಗೆಂದು ತವರಿಗೆ ಹೋಗಿ ಬರುವಷ್ಟರಲ್ಲಿ ಮನುಷ್ಯ ಅಂಗಡಿಯನ್ನೇ ಬದಲಿಸಿಬಿಟ್ಟಿದ್ದರು. ಹಳೆಯ ತಗಡು ಹೋಗಿ ಗುಲಾಬಿ ಬಣ್ಣದ ಹೊಸ ಬೋರ್ಡು, ಅದರ ಮೇಲೆ ಮಿರುಗುವ ತೆಲುಗು ಅಕ್ಷರದಲ್ಲಿ ‘ತೆಲಂಗಾಣ ಊಟ’. ಉಂಡವರು ಕೂತು ಹರಟುತ್ತಿದ್ದ ಮಣ್ಣಿನ ಕಟ್ಟೆಯ ಜಾಗದಲ್ಲಿ ಸ್ಟೀಲಿನ ಮೇಜು, ಮೇಲೆ ಬಣ್ಣದ ದೀಪದ ಸರ.

“ಹೆಂಗೈತಿ?” ಎಂದು ಕೇಳಿದರು, ಮುಖವೆಲ್ಲ ಹಲ್ಲಾಗಿ.

“ಮದಿವಿ ಮನಿ ಹಂಗೈತಿ. ಮದುಮಕ್ಕಳು ಎಲ್ಲಿ?” ಅಂದೆ.

ಅತ್ತೆಯಂತೂ ಬೋರ್ಡಿನ ಮಾತು ಕೇಳಿ, “ಬದ್ನಿಕಾಯಿಗೆ ಯಾ ರಾಜ್ಯನೋ?” ಎಂದು ಮಗನನ್ನು ಒಂದು ಸಲ ಕೇಳಿ ಹೊಲಕ್ಕೆ ನಡೆದರು.

ಮದುಮಕ್ಕಳಿರಲಿ, ಗಿರಾಕಿಗಳೇ ಇಲ್ಲ. ರಾಯಚೂರಿನ ಚಾಲಕರು ಹುಡುಕುತ್ತಿದ್ದುದು ಆ ದಪ್ಪ ಕನ್ನಡ ಅಕ್ಷರಗಳನ್ನು, ಆ ಮಣ್ಣಿನ ಕಟ್ಟೆಯನ್ನು. ಅವು ಕಾಣದೆ ಹೋದಾಗ ಅಂಗಡಿ ಬೇರೆಯವರ ಪಾಲಾಗಿದೆ ಎಂದು ಹಾರ್ನ್ ಹೊಡೆದು ಮುಂದೆ ಹೋಗುತ್ತಿದ್ದರು. ತೆಲುಗು ಓದಿ ಒಳಗೆ ಬಂದವರು ಬಿರಿಯಾನಿ ಇಲ್ಲವೇ ಎಂದು ಕೇಳಿ ಹೊರಗೆ ನಡೆದರು. ಮಳೆಗಾಲ ಮುಗಿಯುವಷ್ಟರಲ್ಲಿ ಮಧ್ಯಾಹ್ನದ ಹೊತ್ತು ಮೇಜುಗಳ ಮೇಲೆ ನೊಣ ಕೂಡ ಕೂರುತ್ತಿರಲಿಲ್ಲ. ಯಜಮಾನರ ಮುಖ ಸಣ್ಣದಾಯಿತು. “ದೀಪಾವಳಿ ಆದಮ್ಯಾಲೆ ಬಿರಿಯಾನಿಯವರಿಗೆ ಬಾಡಿಗಿ ಕೊಟ್ಟುಬಿಡೂಣು” ಎಂದು ಒಂದು ದಿನ ಅಡಿಗೆಮನೆಯ ಬಾಗಿಲಲ್ಲಿ ನಿಂತು ಹೇಳಿದರು. ನಾನು ಜಗಳವಾಡಲಿಲ್ಲ. ಜಗಳವಾಡುವ ಶಕ್ತಿಯೂ ಇರಲಿಲ್ಲ. ಹಿತ್ತಲಲ್ಲಿ ಸೊಪ್ಪು ಸೋಸುತ್ತಿದ್ದ ಅತ್ತೆ ತಲೆ ಎತ್ತಲಿಲ್ಲ, ಆದರೆ ಕೇಳಿಸಿಕೊಂಡರು.

ಮರುದಿನವೇ ಇರಬೇಕು. ಮಧ್ಯಾಹ್ನ ಕರ್ನಾಟಕದ ಲಾರಿಯೊಂದು ಎದುರಿಗೆ ನಿಂತಿತು. ಚಾಲಕ, ಜೊತೆಗೆ ಇನ್ನಿಬ್ಬರು ಇಳಿದು ಗಾಲಿ ಬಡಿದು ನೋಡಿ, ನಮ್ಮ ಬಾಗಿಲವರೆಗೆ ಬಂದರು. ಒಳಗೆ ಇಣುಕಿದರು. ಖಾಲಿ ಮೇಜುಗಳು. ಒಬ್ಬರ ಮುಖ ಒಬ್ಬರು ನೋಡಿಕೊಂಡರು. ನಮ್ಮ ಕಡೆ ಯಾರೂ ಉಣ್ಣದ ಕಡೆ ಮೊದಲು ಕೂರಲು ಜನ ಹಿಂಜರಿಯುತ್ತಾರೆ. ಊಟ ಹಳಸಿದ್ದೋ ಏನೋ ಎಂಬ ಅನುಮಾನ. ನಾನು ಕರೆಯಬೇಕೆಂದು ಕೈಯ ಹಿಟ್ಟು ಒರೆಸಿಕೊಳ್ಳುತ್ತ ಎದ್ದೆ. ಅಷ್ಟರಲ್ಲಿ ಅವರು ತಿರುಗಿದರು.

ಹಿತ್ತಲಲ್ಲಿ ಅತ್ತೆ ಆಗಷ್ಟೇ ಬುತ್ತಿ ಬಿಚ್ಚಿದ್ದರು. ಅಡಿಗೆಮನೆಯ ಕಿಂಡಿಯಿಂದ ಎಲ್ಲ ಕಾಣುತ್ತಿತ್ತು ಅವರಿಗೆ. ಬುತ್ತಿಯನ್ನು ಹಾಗೆಯೇ ಗಂಟು ಹಾಕಿ ಕೊಂಬೆಗೆ ನೇತುಹಾಕಿದರು. ಹಿತ್ತಲ ಬಾಗಿಲಿನಿಂದ ಬರಲಿಲ್ಲ. ಗೋಡೆ ಬಳಸಿಕೊಂಡು ರಸ್ತೆಗೆ ಹೋಗಿ, ಆ ಮೂವರ ನಡುವೆಯೇ ಹಾದು, ಹೊಸಿಲ ಹೊರಗೆ ಚಪ್ಪಲಿ ಬಿಟ್ಟು, ಮುಂಬಾಗಿಲಿನಿಂದ ಒಳಗೆ ಬಂದರು. ರಸ್ತೆಗೆ ಮುಖ ಮಾಡಿ ಮೊದಲ ಮೇಜಿಗೆ ಕೂತರು.

“ಏನ್ರೀ ಮಾಲೀಕರ, ಊಟ ಐತೇನ್ರಿ?”

ನನಗೆ! ಅಷ್ಟು ವರ್ಷದಲ್ಲಿ ನನಗೆ ಬಹುವಚನ ಹಚ್ಚಿ ಮಾತಾಡಿದ್ದು ಅದೇ ಮೊದಲು.

“ಐ... ಐತ್ರಿ.”

“ಏನೇನು ಮಾಡೀರಿ?”

“ಎಣ್ಣೆಗಾಯಿ ಐತ್ರಿ, ಪುಂಡಿಪಲ್ಯ ಐತ್ರಿ.”

“ಬದ್ನಿಕಾಯಿ ಎಳೇವು ಅದಾವೇನು? ಬಲಿತಿದ್ದರ ನಾ ಉಣ್ಣಂಗಿಲ್ಲ ನೋಡ್ರಿ ಮತ್ತ!” ಮುಂಜಾನೆ ತಾವೇ ಹರಿದು ತಂದ ಬದನೆಕಾಯಿ ಅವು. ಮುಖದಲ್ಲಿ ಒಂದು ಗೆರೆ ಅಲ್ಲಾಡಲಿಲ್ಲ.

ನಾನು ತಟ್ಟೆ ತಂದಿಟ್ಟೆ. ಹಂಚಿನಿಂದ ಉಬ್ಬಿದ ರೊಟ್ಟಿ ತಂದು ಹಾಕಿದೆ. ಆಕೆ ಎರಡು ಕೈ ಜೋಡಿಸಿ ಕಣ್ಣು ಮುಚ್ಚಿದರು. “ತಪ್ಪು ಹೊಟ್ಟಿಗೆ ಹಾಕ್ಕೋಪಾ ಶಿವನ” ಎಂದು ತುಟಿಯಲ್ಲೇ ಅಂದದ್ದು ಪಕ್ಕದಲ್ಲಿದ್ದ ನನಗಷ್ಟೇ ಕೇಳಿಸಿತು. ಆಮೇಲೆ ರೊಟ್ಟಿ ಮುರಿದು, ಎಣ್ಣೆಗಾಯಿ ಹಚ್ಚಿ, ಬಾಯಿಗೆ ಇಟ್ಟುಕೊಂಡರು. ಎಂಥ ಉಣ್ಣುವಿಕೆ ಅದು! ಚಪ್ಪರಿಸಿದರು, ತಲೆದೂಗಿದರು, ಹಸಿ ಉಳ್ಳಾಗಡ್ಡಿಯನ್ನು ಕಟುಂ ಎಂದು ಕಡಿದರು, “ಹಿಂಡಿ ತರ್ರಿ ಇನ್ನಷ್ಟು!” ಎಂದು ಕೂಗಿದರು. ಮನೆಯಲ್ಲಿ ಸದ್ದಿಲ್ಲದೆ ಉಂಡು ಏಳುವ ಹೆಂಗಸು.

ಆ ಮೂವರು ಒಳಗೆ ಬಂದು ಪಕ್ಕದ ಮೇಜಿಗೆ ಕೂತರು. ಚಾಲಕ ಅತ್ತೆಯ ತಟ್ಟೆ ನೋಡುತ್ತ, “ಯವ್ವಾ, ಮೊದ್ಲಿನ ರೊಟ್ಟಿ ಊಟದ ಅಂಗಡಿ ಇದೇನಾ? ಯಾರಿಗೋ ಮಾರ್‍ಯಾರ ಅಂತ ತಿಳಕೊಂಡಿದ್ವಿ” ಎಂದ.

ಅತ್ತೆಗೆ ತಾವು ಗಿರಾಕಿ ಎಂಬುದೇ ಮರೆತುಹೋಯಿತು. “ಯಾವನಲೇ ಮಾರ್‍ಯಾರ ಅಂದಾವ? ಇದು ನನ್ನ ಸೊಸಿ ಅಂಗಡಿ! ಸುಮ್ಕ ಉಣ್ಣು. ಊರಿಗೆ ಹೋದಮ್ಯಾಲೆ ನಾಕು ಮಂದಿಗೆ ಹೇಳು.”

ಮೂವರೂ ನಕ್ಕರು. ಅಡಿಗೆಮನೆಯಲ್ಲಿ ಕೆಲಸದ ಹೆಂಗಸರೂ ನಕ್ಕದ್ದು ಕೇಳಿಸಿತು. ನಾನು ಇನ್ನೊಂದು ರೊಟ್ಟಿ ಹಿಡಿದು ಅತ್ತೆಯ ತಟ್ಟೆಯ ಮುಂದೆ ನಿಂತಿದ್ದೆ, ಕಣ್ಣೀರು ಮೂಗಿನ ತುದಿಯಿಂದ ತಟ್ಟೆಯತ್ತ ಇಳಿಯುತ್ತಿತ್ತು. ಆಕೆ ನನ್ನ ಕೈಯಿಂದ ರೊಟ್ಟಿ ಕಸಿದುಕೊಂಡು, ತಟ್ಟೆಯನ್ನು ತಮ್ಮ ಕಡೆ ಸರಿಸಿಕೊಂಡು, ಯಾರಿಗೂ ಕೇಳದ ಹಾಗೆ ಹೇಳಿದರು:

“ಪಲ್ಯಾಕ ಉಪ್ಪು ಬರೋಬ್ಬರಿ ಐತಿ. ಆಚಿಗೆ ಹೋಗಿ ಅಳು.”